ಬಾಬಿ ಆರ್ ಹಾರಿ ಗೋಲ್ ಹೊಡೆದದ್ದಲ್ಲ

ಐಸ್ ಹಾಕಿಯ ಹಳೇ ಫೋಟೋ ಒಂದು ಮತ್ತೆ ಓಡಾಡುತ್ತಿದೆ. ಬಾಸ್ಟನ್ ಬ್ರೂಯಿನ್ಸ್ ತಂಡದ ಆಟಗಾರ ಬಾಬಿ ಆರ್ ಕೈ ಚಾಚಿ ಗಾಳಿಯಲ್ಲಿ ಅಡ್ಡ ಮಲಗಿದಂತಿದ್ದಾರೆ. ಕೆಳಗೆ ‘ಏಳನೇ ಪಂದ್ಯದಲ್ಲಿ ಹಾರಿ ಹೊಡೆದ ಗೋಲ್’ ಅಂತ ಬರೆದಿದ್ದಾರೆ. ಎರಡೂ ತಪ್ಪು.

ಅದು 1970ರ ಮೇ 10, ಉತ್ತರ ಅಮೆರಿಕದ ಐಸ್ ಹಾಕಿ ಲೀಗ್‌ನ ಸ್ಟಾನ್ಲಿ ಕಪ್ ಫೈನಲ್‌ನ ನಾಲ್ಕನೇ ಪಂದ್ಯ. ಮೊದಲ ಮೂರನ್ನೂ ಬಾಸ್ಟನ್ ಬ್ರೂಯಿನ್ಸ್ ಗೆದ್ದಾಗಿತ್ತು. ನಾಲ್ಕು ಗೆದ್ದವರಿಗೇ ಕಪ್; ಈ ಗೋಲಿನಿಂದ ನಾಲ್ಕನೆಯದೂ ಅವರದಾಯಿತು. ಹಾಗಾಗಿ ಏಳನೆಯದು ನಡೆಯಲೇ ಇಲ್ಲ.

ಸ್ಕೋರ್ 3-3. ಹೆಚ್ಚುವರಿ ಅವಧಿ ಶುರುವಾಗಿ ಬರೀ 40 ಸೆಕೆಂಡ್. ಜೊತೆಗಾರ ಡೆರೆಕ್ ಸ್ಯಾಂಡರ್ಸನ್ ಕೊಟ್ಟ ಪಕ್ (ಆಟದ ರಬ್ಬರ್ ಬಿಲ್ಲೆ) ಅನ್ನು ಆರ್, ಎದುರಾಳಿ ಗೋಲ್‌ಕೀಪರ್ ಗ್ಲೆನ್ ಹಾಲ್ ಕಾಲಸಂದಿಯಲ್ಲೇ ತೂರಿಸಿದರು. ಆಗ ಆರ್ ಅವರ ಸ್ಕೇಟ್ ಇನ್ನೂ ಐಸ್ ಮೇಲೇ ಇತ್ತು. ಎದುರಾಳಿ ತಂಡ ಸೇಂಟ್ ಲೂಯಿಸ್‌ನ ನೋಯೆಲ್ ಪಿಕಾರ್ಡ್ ಸ್ಟಿಕ್ ಕಾಲಿಗೆ ಸಿಕ್ಕಿ ಎತ್ತಿಹಾಕಿದ್ದು ಆಮೇಲೆ. ಖುಷಿಗೆ ತಾವೂ ಸ್ವಲ್ಪ ಜಿಗಿದಿದ್ದರು, ಅಷ್ಟೇ!