ಡಬ್ಲಿನ್‌ನ ಕಾಲಿನ್ಸ್ ಬ್ಯಾರಕ್ಸು, ಕಾರ್ನ್‌ವಾಲಿಸ್ಸು, ನಮ್ಮ ನಂದಿಬೆಟ್ಟ

ಊರಿಂದ ಯಾರೇ ಡಬ್ಲಿನ್‌ಗೆ ಬಂದ್ರೂ ನಾನು ಮೊದ್ಲು ಕರ್ಕೊಂಡು ಹೋಗೋದು ಕಾಲಿನ್ಸ್ ಬ್ಯಾರಕ್ಸ್‌ಗೆ. ಈಗ ಅದು ನ್ಯಾಷನಲ್ ಮ್ಯೂಸಿಯಂ, ಟಿಕೆಟ್ ಇಲ್ಲ, ಲುವಾಸ್ ಟ್ರಾಮ್ ಮುಂದೇನೇ ನಿಲ್ಲುತ್ತೆ. ಆದ್ರೆ ನಮ್ಮವ್ರು ಬೆಳ್ಳಿ ಸಾಮಾನು, ಹಳೇ ಕುರ್ಚಿ ಮೇಜು ನೋಡಿ ಫೋಟೋ ತೆಕ್ಕೊಂಡು ಹೊರಟುಬಿಡ್ತಾರೆ, ಈ ಕಟ್ಟಡಕ್ಕೂ ನಮ್ಮ ಬೆಂಗಳೂರಿಗೂ ಎಂಥ ನಂಟಿದೆ ಅಂತ ಗೊತ್ತೇ ಇರಲ್ಲ. ನಂಗೆ ಅದು ತುಂಬಾ ಬೇಜಾರು.

1702ರ ಹೊತ್ತಿಗೆ ಥಾಮಸ್ ಬರ್ಗ್ ಅನ್ನೋನು ಬ್ರಿಟಿಷ್ ಸೈನ್ಯಕ್ಕೆ ಕಟ್ಟಿದ್ದು ಇದು. ಆಗ ರಾಯಲ್ ಬ್ಯಾರಕ್ಸ್. ಒಳಗೆ ಕ್ಲಾರ್ಕ್ ಸ್ಕ್ವೇರ್ ಅಂತ ದೊಡ್ಡ ಅಂಗಳ, ಬೂದುಕಲ್ಲಿನ ಗೋಡೆ, ಕಮಾನುಗಳ ಸಾಲು, ಪರೇಡ್ ಹೆಜ್ಜೆ ಲೆಕ್ಕಕ್ಕೆ ಗೋಡೆ ಮೇಲೆ ಹಾಕಿರೋ ಗುರುತು. ಅಲ್ಲಿ ನಿಂತ್ರೆ ಬೂಟಿನ ಸದ್ದು ಕೇಳ್ದಂಗಾಗುತ್ತೆ.

1798ರಲ್ಲಿ ಐರಿಶ್ ದಂಗೆಯ ನಾಯಕ ವುಲ್ಫ್ ಟೋನ್‌ನ ವಿಚಾರಣೆ ನಡೆದಿದ್ದು ಇಲ್ಲೇ. ಸೈನಿಕನ ಥರ ಗುಂಡು ಹೊಡೆದು ಸಾಯ್ಸಿ, ನೇಣು ಬೇಡ ಅಂತ ಅವ್ನು ಕೇಳ್ಕೊಂಡ. ಆಗಲ್ಲ ಅಂದೋರು ಯಾರು ಗೊತ್ತಾ? ಲಾರ್ಡ್ ಕಾರ್ನ್‌ವಾಲಿಸ್! 1791ರ ಮಾರ್ಚಲ್ಲಿ ನಮ್ಮ ಬೆಂಗಳೂರು ಕೋಟೆ ಒಡೆದು, ಮಾರನೇ ವರ್ಷ ಟಿಪ್ಪುವಿನ ಇಬ್ಬರು ಚಿಕ್ಕ ಮಕ್ಕಳನ್ನ ಒತ್ತೆ ಇಟ್ಕೊಂಡು ಹೋದ ಅದೇ ಕಾರ್ನ್‌ವಾಲಿಸ್, ಇಲ್ಲಿಗೆ ವೈಸ್‌ರಾಯ್ ಥರ ಬಂದು ಕೂತಿದ್ದ. ಟೋನ್ ಜೈಲಲ್ಲೇ ಕತ್ತು ಕುಯ್ಕೊಂಡು ನವೆಂಬರ್ 19ಕ್ಕೆ ತೀರ್ಕೊಂಡ.

ಇನ್ನೊಂದು ನಂಟು ಇನ್ನೂ ಕಷ್ಟದ್ದು. 1791ರ ಅಕ್ಟೋಬರಲ್ಲಿ ನಂದಿದುರ್ಗ ಹತ್ತಿದ ಸೈನ್ಯದಲ್ಲಿ ಕಂಪನಿಯ ಮದ್ರಾಸ್ ಯುರೋಪಿಯನ್ ರೆಜಿಮೆಂಟೂ ಇತ್ತು. ಅದೇ ಪಡೆ 1881ರಲ್ಲಿ ಬಾಂಬೆ ಫ್ಯುಸಿಲಿಯರ್ಸ್ ಜೊತೆ ಸೇರಿ ರಾಯಲ್ ಡಬ್ಲಿನ್ ಫ್ಯುಸಿಲಿಯರ್ಸ್ ಆಯ್ತು. ಅವ್ರ ಯುದ್ಧ ಗೌರವಗಳ ಪಟ್ಟೀಲಿ ಪ್ಲಾಸಿ, ಮೈಸೂರು ಜೊತೆಗೆ ನಂದಿದುರ್ಗದ ಹೆಸ್ರೂ ಇದೆ. ನಾವು ಬೆಳಗಿನ ಜಾವ ಬೈಕ್ ಹಾಕ್ಕೊಂಡು ಮಂಜು ನೋಡಕ್ಕೆ ಹೋಗ್ತೀವಲ್ಲ, ಅದೇ ಬೆಟ್ಟ. 1916ರಲ್ಲಿ ಬ್ರಿಟಿಷರ ವಿರುದ್ಧ ಡಬ್ಲಿನ್‌ನಲ್ಲಿ ಎದ್ದ ಈಸ್ಟರ್ ದಂಗೆ ಟೈಮಲ್ಲಿ ಈ ರೆಜಿಮೆಂಟಿನ 10ನೇ ಬೆಟಾಲಿಯನ್ ಇದೇ ಬ್ಯಾರಕ್ಸಲ್ಲಿತ್ತು, ಇಲ್ಲಿಂದ ಹೊರಟು ತಮ್ಮ ಊರಿನವ್ರ ಮೇಲೇ ಬಂದೂಕು ಎತ್ತಬೇಕಾಯ್ತು.

1922ರ ಡಿಸೆಂಬರಲ್ಲಿ ಬ್ಯಾರಕ್ಸ್ ಐರಿಶ್ ಸೈನ್ಯದ ಕೈಗೆ ಬಂತು, ಐರಿಶ್ ಸ್ವಾತಂತ್ರ್ಯ ಹೋರಾಟದ ನಾಯಕ ಮೈಕಲ್ ಕಾಲಿನ್ಸ್ ಹೆಸ್ರಿಟ್ರು, 1997ರಲ್ಲಿ ಮ್ಯೂಸಿಯಂ ಆಯ್ತು. ಆಳ್ದೋರ ಕಟ್ಟಡ ಅಂತ ಕೆಡವ್ಲಿಲ್ಲ. 1914ರಲ್ಲಿ ಬಂಡಾಯದವ್ರಿಗೆ ಬಂದೂಕು ತಂದ ಆಸ್ಗಾರ್ಡ್ ಹಡಗನ್ನೂ ಇಲ್ಲೇ ಇಟ್ಟಿದಾರೆ, ಬ್ರಿಟಿಷ್ ಸೈನ್ಯದಲ್ಲಿ ದುಡಿದ ಐರಿಶ್ ಹುಡುಗ್ರ ಕಥೇನೂ ಇಲ್ಲೇ ಹೇಳ್ತಾರೆ, ಎದುರಿಗೇ ಕ್ರಾಪೀಸ್ ಏಕರ್ ಅಂತ 1798ರ ಬಂಡಾಯಗಾರರ ನೆನಪಿನ ಜಾಗ. ಸೋತೋರ ಕಥೆ, ಗೆದ್ದೋರ ಕಥೆ ಒಂದೇ ಸೂರಿನಡಿ.

ನಮ್ಮಲ್ಲಿ? ಕೆ.ಆರ್. ಮಾರ್ಕೆಟ್ ಹತ್ರ ಕೋಟೆಯ ಒಂದು ತುಣುಕು ಉಳಿದಿದೆ. ಈ ಬಿರುಕಿಂದ ಬ್ರಿಟಿಷರು ನುಗ್ಗಿದ್ರು ಅಂತ ಇಂಗ್ಲಿಷಲ್ಲಿ ಕೆತ್ತಿರೋ ಕಲ್ಲೂ ಇದೆ. ಅವತ್ತು ಆ ಕೋಟೆ ಕಾಯ್ತಾ ಸತ್ತ ಕಿಲ್ಲೇದಾರ ಬಹದ್ದೂರ್ ಖಾನ್ ಹೆಸ್ರು ಆ ಕಲ್ಲಲ್ಲಿಲ್ಲ. ಕಲ್ಲು ಕಿತ್ತಾಕಿ ಅಂತ ನಾನು ಹೇಳಲ್ಲ, ಅದೂ ಚರಿತ್ರೇನೇ, ಇರ್ಲಿ. ಪಕ್ಕದಲ್ಲೇ ಕನ್ನಡದಲ್ಲಿ ಇನ್ನೊಂದು ಕಲ್ಲು ಹಾಕಿ, ಅವ್ನ ಹೆಸ್ರು, ಅವ್ನ ಜೊತೆ ಸತ್ತೋರ ಕಥೆ ಬರೀರಿ. ನಂದಿಬೆಟ್ಟದ ಮೇಲೂ ಅಷ್ಟೇ, 1791ರಲ್ಲಿ ಅಲ್ಲಿ ಏನಾಯ್ತು ಅಂತ ಮೇಲೆ ಬರೋ ಪ್ರತಿಯೊಬ್ರ ಕಣ್ಣಿಗೂ ಬೀಳೋ ಹಾಗೆ ಒಂದು ದೊಡ್ಡ ಬೋರ್ಡ್ ಬೇಕು.