ಬೆಟ್ಟದ ತುದಿಯಲ್ಲಿ ಒಂದು ಬಕೆಟ್ ಬಿಸಿನೀರು

ನಿನ್ನೆ ರಾತ್ರಿಯಿಂದ ತಲೆ ಕೆಟ್ಟುಹೋಗಿದೆ. ಯಾರ ಹತ್ತಿರವಾದರೂ ಹೇಳಿಕೊಳ್ಳದಿದ್ದರೆ ನಿದ್ದೆ ಬರಲ್ಲ, ಅದಕ್ಕೇ ಬರೆಯುತ್ತಿದ್ದೇನೆ.

ನವೆಂಬರ್‌ನಲ್ಲಿ ನಾವು ಹದಿನಾಲ್ಕು ಜನ ಬೆಂಗಳೂರಿನಿಂದ ಸಂದಕ್‌ಫೂ–ಫಾಲುಟ್ ಟ್ರೆಕ್‌ಗೆ ಹೋಗಿದ್ದೆವು. ಟ್ರೆಕ್ಕಿಂಗ್ ಕಂಪನಿಯವರೇ ಎಲ್ಲ ವ್ಯವಸ್ಥೆ ಮಾಡಿದ್ದರು. ನಾನು ಮೊದಲು ಒಬ್ಬರನ್ನೂ ಕಂಡವಳಲ್ಲ. ಆರು ದಿನ ಜೊತೆಗೆ ನಡೆದೆವು, ಒಂದೇ ತಟ್ಟೆಯಲ್ಲಿ ಮೊಮೊ ತಿಂದೆವು. ಆ ಗುಂಪಿನ ಒಬ್ಬ ನಿನ್ನೆ ನಾವು ಉಳಿದುಕೊಂಡಿದ್ದ ಲಾಡ್ಜಿಗೆ ಒಂದು ಸ್ಟಾರ್ ಕೊಟ್ಟು ರಿವ್ಯೂ ಬರೆದಿದ್ದಾನೆ. ಇಂಗ್ಲಿಷ್‌ನಲ್ಲಿ ಉದ್ದಕ್ಕೆ ಬರೆದಿದ್ದಾನೆ. ಸಾರ ಇಷ್ಟು: ಕೊಳಕು ಜಾಗ, ಬಿಸಿನೀರಿಲ್ಲ, ನೀರಿಗೂ ದುಡ್ಡು ಕೀಳುತ್ತಾರೆ, ಲಾಡ್ಜ್ ನಡೆಸುವ ಹೆಂಗಸಿಗೆ ದುರಾಸೆ. ವಾಟ್ಸಾಪ್ ಗುಂಪಿನಲ್ಲಿ ಅದರ ಲಿಂಕ್ ಹಾಕಿದ. ಆರು ಜನ ಹೆಬ್ಬೆರಳು ಎತ್ತಿದರು.

ದುರಾಸೆಯಂತೆ! ಅಲ್ಲಿ ನಡೆದದ್ದನ್ನು ನಾನು ಕಣ್ಣಾರೆ ನೋಡಿದ್ದೇನೆ.

ಹೋಗದವರಿಗೆ ಜಾಗದ ಬಗ್ಗೆ ಸ್ವಲ್ಪ ಹೇಳಬೇಕು. ಡಾರ್ಜಿಲಿಂಗ್ ಜಿಲ್ಲೆಯ ಮಾನೆಭಂಜಾಂಗ್ ಅನ್ನುವ ಸಣ್ಣ ಊರಿನಿಂದ ಈ ದಾರಿ ಶುರುವಾಗುತ್ತದೆ. ಅಲ್ಲಿಂದ ಸಿಂಗಲೀಲಾ ಗುಡ್ಡಸಾಲಿನ ನೆತ್ತಿ ಹಿಡಿದು ಹೋಗಬೇಕು. ಆ ನೆತ್ತಿಯೇ ಭಾರತ, ನೇಪಾಳದ ಗಡಿ. ಬೇಲಿ ಇಲ್ಲ. ಅಲ್ಲಲ್ಲಿ ಗಡಿಕಲ್ಲು, ಅಲ್ಲಲ್ಲಿ ನಮ್ಮ ಗಡಿ ಕಾಯುವ ಎಸ್‌ಎಸ್‌ಬಿ ಪಡೆಯ ಚೌಕಿ. ಮೇಘ್ಮಾದಲ್ಲಿ ರಸ್ತೆಯ ಈ ಕಡೆ ಭಾರತ, ಆ ಕಡೆ ನೇಪಾಳ. ತುಮ್ಲಿಂಗ್ ನೇಪಾಳದ್ದು. ಮಾರನೇ ದಿನ ಗೈರಿಬಾಸ್‌ಗೆ ಇಳಿದರೆ ಮತ್ತೆ ಭಾರತ. ಸಂದಕ್‌ಫೂನಲ್ಲಿ ಕೆಲವು ಲಾಡ್ಜ್ ಭಾರತದ ಕಡೆ, ಕೆಲವು ನೇಪಾಳದ ಇಲಾಮ್ ಜಿಲ್ಲೆಯ ಕಡೆ. ಅಲ್ಲಿನವರಿಗೆ ಇದು ಗಡಿ ಅಂತ ಅನ್ನಿಸುವುದೇ ಇಲ್ಲ. ಅಕ್ಕನ ಮನೆ ಆ ಕಡೆ, ಅಂಗಡಿ ಈ ಕಡೆ, ಅಷ್ಟೇ. ನಮ್ಮವರಿಗೆ ಮಾತ್ರ ಮೊದಲ ದಿನದಿಂದಲೂ ಅದೇ ಮಾತು. ಕಲ್ಲಿನ ಎರಡೂ ಬದಿ ಕಾಲಿಟ್ಟು ಫೋಟೋ, "ಗುರು, ನಾವೀಗ ಫಾರಿನ್‌ನಲ್ಲಿದ್ದೀವಿ" ಅಂತ ವಿಡಿಯೋ. ಅದರಲ್ಲಿ ತಪ್ಪೇನಿಲ್ಲ, ನಾನೂ ಫೋಟೋ ತೆಗೆಸಿಕೊಂಡೆ.

ಮೂರನೇ ದಿನ ಸಂದಕ್‌ಫೂ. 3,636 ಮೀಟರ್, ಪಶ್ಚಿಮ ಬಂಗಾಳದಲ್ಲೇ ಎತ್ತರದ ಜಾಗ. ಕಾಲಿಪೋಖ್ರಿಯಿಂದ ಆರೇ ಕಿಲೋಮೀಟರ್, ಆದರೆ ಕೊನೆಯ ಏರು ಉಸಿರು ಕಿತ್ತುಕೊಂಡು ಬಿಡುತ್ತದೆ. ತಲುಪುವ ಹೊತ್ತಿಗೆ ಗಾಳಿ ಕಿವಿ ಕೊರೆಯುತ್ತಿತ್ತು. ನಮ್ಮನ್ನು ಇಳಿಸಿದ್ದು ನೇಪಾಳದ ಕಡೆಯ ಒಂದು ಲಾಡ್ಜಿನಲ್ಲಿ. ನಡೆಸುವವರು ಐವತ್ತು ದಾಟಿದ ಒಬ್ಬ ಹೆಂಗಸು. ಎಲ್ಲರೂ ದೀದಿ ಅನ್ನುತ್ತಿದ್ದರು, ನಾನೂ ಹಾಗೇ ಕರೆದೆ.

ಒಳಗೆ ಕಾಲಿಟ್ಟು ಐದು ನಿಮಿಷ ಆಗಿರಲಿಲ್ಲ. ಈ ರಿವ್ಯೂ ಬರೆದವನು ಬಾಗಿಲಲ್ಲಿ ನಿಂತು, "ದೀದಿ, ನಹಾನೇ ಕಾ ಗರಮ್ ಪಾನೀ" ಅಂದ. ಕೇಳಿದ ಧಾಟಿಯಲ್ಲ, ಆರ್ಡರ್ ಮಾಡಿದ ಧಾಟಿ. ದೀದಿ ಸಮಾಧಾನವಾಗಿ ಹೇಳಿದರು: ಕುಡಿಯಲು ಬಿಸಿನೀರು ಎಷ್ಟು ಬೇಕಾದರೂ ಕೊಡುತ್ತೇನೆ, ಸ್ನಾನಕ್ಕೆ ಬಕೆಟ್ಟಿಗೆ ನೂರೈವತ್ತು, ಇಲ್ಲಿ ನೀರು ಕಷ್ಟ. ಶುರುವಾಯಿತು. "ಪ್ಯಾಕೇಜ್‌ನಲ್ಲಿ ಬಿಸಿನೀರು ಇದೆ ಅಂತ ಹಾಕಿದ್ದಾರೆ. ನಾವು ತಲೆಗೆ ಹದಿನೈದು ಸಾವಿರ ಕೊಟ್ಟಿದ್ದೀವಿ. ಇದೇನು ಲೂಟಿ?" ಅವನ ಜೊತೆ ಇನ್ನೂ ಮೂವರು ಸೇರಿಕೊಂಡರು.

ಕಂಪನಿಯವರು ಕಳಿಸಿದ ಪಟ್ಟಿ ನನ್ನ ಫೋನಿನಲ್ಲೂ ಇದೆ. "ಎಲ್ಲ ತಂಗುದಾಣಗಳಲ್ಲೂ ಬಿಸಿನೀರು ಲಭ್ಯ" ಅಂತ ಇದೆ. ಲಭ್ಯ ಅಂದರೆ ಪುಕ್ಕಟೆ ಅಂತ ಇಲ್ಲ. ಸ್ನಾನಕ್ಕೆ ಅಂತಲೂ ಇಲ್ಲ. ಬೇಕಂತಲೇ ಹಾಗೆ ಬರೆಯುತ್ತಾರೆ. ಬುಕ್ ಮಾಡುವವರು ತಮಗೆ ಬೇಕಾದ ಹಾಗೆ ಅರ್ಥ ಮಾಡಿಕೊಳ್ಳಲಿ, ಬೈಗುಳ ಮಾತ್ರ ಮೇಲಿರುವ ಹೆಂಗಸಿಗೆ ಬೀಳಲಿ. ನಮ್ಮ ಟ್ರೆಕ್ ಲೀಡರ್ ಅಲ್ಲೇ ಇದ್ದ, ಬೆಂಗಳೂರಿನ ಹುಡುಗ. "ಸರ್, ಇಲ್ಲಿ ನೀರಿಗೆ ತೊಂದರೆ ಇದೆ" ಅಂತ ಒಂದು ಮಾತು ಹೇಳಿದ್ದರೆ ಸಾಕಿತ್ತು. ತಲೆ ತಗ್ಗಿಸಿಕೊಂಡು ಶೂ ಲೇಸ್ ಬಿಚ್ಚುತ್ತಾ ಕೂತ. ನಾನೂ ಆ ಹೊತ್ತಿನಲ್ಲಿ ಬಾಯಿ ಬಿಡಲಿಲ್ಲ. ಸುಸ್ತಾಗಿತ್ತು, ತಲೆ ಸಿಡಿಯುತ್ತಿತ್ತು, ಇವರ ಜೊತೆ ಇನ್ನೂ ಮೂರು ದಿನ ನಡೆಯಬೇಕಲ್ಲ ಅಂತ ಸುಮ್ಮನಾದೆ. ಅದು ಈಗಲೂ ಚುಚ್ಚುತ್ತಿದೆ.

ಅಲ್ಲಿ ನೀರು ಹೇಗೆ ಬರುತ್ತದೆ ಅಂತ ನಾನು ನೋಡಿದ್ದು ಆ ಸಂಜೆಯೇ. ಅದು ಗುಡ್ಡದ ನೆತ್ತಿ. ಬಾವಿ ಇಲ್ಲ, ಹೊಳೆ ಇಲ್ಲ. ನೀರೆಲ್ಲ ಕೆಳಗಿನಿಂದ ಮೇಲೆ ಬರಬೇಕು. ಪೈಪ್ ಇದೆ, ಆದರೆ ಚಳಿಗಾಲದಲ್ಲಿ ಪೈಪಿನೊಳಗೇ ಹೆಪ್ಪುಗಟ್ಟುತ್ತದೆ. ಕೈಕಾಲಾಡಿಸಲು ಅಂತ ಲಾಡ್ಜಿನ ಹಿಂದಕ್ಕೆ ಹೋಗಿದ್ದೆ. ಇಳಿಜಾರಿನಲ್ಲಿ ಒಬ್ಬ ಹುಡುಗ ಹತ್ತಿ ಬರುತ್ತಿದ್ದ. ಬೆನ್ನ ಮೇಲೆ ಬಿದಿರಿನ ಬುಟ್ಟಿ, ಡೋಕೊ ಅನ್ನುತ್ತಾರೆ. ಅದರೊಳಗೆ ಎರಡು ನೀರಿನ ಕ್ಯಾನ್. ಬುಟ್ಟಿಯ ಭಾರವೆಲ್ಲ ಹಣೆಗೆ ಕಟ್ಟಿದ ಪಟ್ಟಿಯ ಮೇಲೆ, ಅದಕ್ಕೆ ನಾಮ್ಲೊ ಅಂತ ಹೆಸರು. ಹತ್ತು ಹೆಜ್ಜೆ ಇಡುತ್ತಾನೆ, ಕೋಲು ಊರಿ ನಿಲ್ಲುತ್ತಾನೆ, ಮತ್ತೆ ಹತ್ತು ಹೆಜ್ಜೆ. ಮೇಲೆ ಬಂದು ಕ್ಯಾನ್ ಇಳಿಸಿ ನಾಮ್ಲೊ ತೆಗೆದಾಗ ಹಣೆಯ ಮೇಲೆ ಅಡ್ಡಕ್ಕೆ ಕೆಂಪು ಪಟ್ಟೆ ಎದ್ದಿತ್ತು.

ನನ್ನದು ಚಳ್ಳಕೆರೆ ಕಡೆಯ ಹಳ್ಳಿ. ಹೈಸ್ಕೂಲು ಮುಗಿಯುವವರೆಗೂ ಬೆಳಿಗ್ಗೆ ನಾಲ್ಕು ಕೊಡ ನೀರು ತಂದು ಹಾಕಿಯೇ ಶಾಲೆಗೆ ಹೋಗಬೇಕಿತ್ತು. ತಲೆಯ ಮೇಲೆ ಸಿಂಬೆ, ಸಿಂಬೆಯ ಮೇಲೆ ಕೊಡ. ಬೇಸಿಗೆಯಲ್ಲಿ ನೆಂಟರು ಬಂದರೆ ಅಮ್ಮನ ಮುಖ ಸಣ್ಣದಾಗುತ್ತಿತ್ತು, ಅನ್ನ ಹಾಕಲು ಅಲ್ಲ, ಸ್ನಾನಕ್ಕೆ ನೀರು ಕೊಡಬೇಕಲ್ಲ ಅಂತ. ಹಾಗಾಗಿ ಆ ಹುಡುಗನ ಹಣೆಯ ಪಟ್ಟೆ ನೋಡಿದಾಗ ನನ್ನ ನೆತ್ತಿಯೇ ಉರಿದಂತಾಯಿತು.

ಅವನು ತಂದ ನೀರನ್ನು ದೀದಿ ದೊಡ್ಡ ಪಾತ್ರೆಗೆ ಸುರಿದು ಗ್ಯಾಸ್ ಒಲೆಯ ಮೇಲಿಟ್ಟರು. ಆ ಗ್ಯಾಸ್ ಸಿಲಿಂಡರ್ ಕೂಡ ಮಾನೆಭಂಜಾಂಗ್‌ನಿಂದ ಮೂವತ್ತಕ್ಕೂ ಜಾಸ್ತಿ ಕಿಲೋಮೀಟರ್ ಆ ದಾರಿಯಲ್ಲಿ ಜೀಪ್ ಹತ್ತಿ ಬರಬೇಕು. ಹಳೇ ಲ್ಯಾಂಡ್ ರೋವರ್‌ಗಳು ಫಸ್ಟ್ ಗೇರಿನಲ್ಲಿ ನರಳುತ್ತಾ ಹತ್ತುವುದನ್ನು ನಾವೆಲ್ಲ ಮೂರು ದಿನದಿಂದ ನೋಡುತ್ತಲೇ ಇದ್ದೆವು. ಅದರ ವಿಡಿಯೋ ಹೆಚ್ಚು ಮಾಡಿದವನು ಇವನೇ. ಅವುಗಳೊಳಗೆ ಏನು ಹೋಗುತ್ತದೆ, ಯಾಕೆ ಹೋಗುತ್ತದೆ ಅಂತ ಒಂದು ಸಲವೂ ತಲೆಗೆ ಹೋಗಲಿಲ್ಲವಾ?

ನಾಲ್ಕು ಬಕೆಟ್ ಕೊಟ್ಟರು. ಒಬ್ಬ ಹತ್ತೇ ನಿಮಿಷಕ್ಕೆ ಬಂದು, "ಸಾಕಾಗಲ್ಲ, ಇನ್ನರ್ಧ ಬಕೆಟ್" ಅಂದ. ಅದನ್ನೂ ಕೊಟ್ಟರು, ಲೆಕ್ಕಕ್ಕೆ ಹಿಡಿಯಲಿಲ್ಲ.

ಆ ರಾತ್ರಿ ಚಳಿಗೆ ಅಡುಗೆಮನೆಯ ಒಲೆ ಹತ್ತಿರ ಹೋಗಿ ಕೂತೆ. ದೀದಿ ಛುರ್ಪಿ ಕೈಗಿಟ್ಟರು. ಕಲ್ಲಿನಂಥ ಚೀಸ್, ಒಂದು ಗಂಟೆ ಬಾಯಲ್ಲಿಟ್ಟುಕೊಂಡರೂ ಕರಗಲ್ಲ. ಅವರ ಹಿಂದಿ ನನ್ನ ಹಿಂದಿಯಷ್ಟೇ, ಹಾಗಾಗಿ ಚೆನ್ನಾಗಿ ಮಾತಾಡಿಕೊಂಡೆವು. ಮಗಳು ಕೆಳಗೆ ಇಲಾಮ್‌ನಲ್ಲಿ ಓದುತ್ತಿದ್ದಾಳಂತೆ. ಬುಕಿಂಗ್, ಫೋಟೋ ಹಾಕುವುದು, ಬಂದವರು ಬರೆದದ್ದನ್ನು ನೋಡುವುದು ಎಲ್ಲ ಅವಳದೇ. ರಜೆಗೆ ಬಂದಾಗ ಒಂದೊಂದನ್ನೂ ಓದಿ ನೇಪಾಳಿಯಲ್ಲಿ ಹೇಳುತ್ತಾಳೆ ಅಂದರು. ಯಾರೋ ಒಮ್ಮೆ ಇವರ ಆಲೂ ದಮ್ ಬಗ್ಗೆ ಬರೆದಿದ್ದರಂತೆ, ಅದನ್ನು ಹೇಳುವಾಗ ಮುಖದಲ್ಲಿ ಎಷ್ಟು ಖುಷಿ! "ಆಪ್ ಭೀ ಲಿಖ್ನಾ" ಅಂದರು. ಬರೆಯುತ್ತೇನೆ ಅಂದೆ. ಊರಿಗೆ ಬಂದು ಕೆಲಸದಲ್ಲಿ ಮುಳುಗಿ ಬರೆಯಲೇ ಇಲ್ಲ. ನಾನು ಮರೆತೆ, ಇವನು ಬರೆದ.

ಬೆಳಗಿನ ಜಾವ ಎಲ್ಲರೂ ಹೊರಗೆ ಬಂದು ನಿಂತೆವು. ಮೊದಲು ಕಾಂಚನಜುಂಗಾದ ತುದಿ ಕೆಂಪಾಯಿತು, ಆಮೇಲೆ ನಿಧಾನವಾಗಿ ಮಲಗಿದ ಬುದ್ಧನಂತೆ ಕಾಣುವ ಆ ಇಡೀ ಶಿಖರಸಾಲು. ಈ ಕಡೆ ದೂರದಲ್ಲಿ ಎವರೆಸ್ಟ್, ಲೋತ್ಸೆ, ಮಕಾಲು. ಪ್ರಪಂಚದ ಐದು ಎತ್ತರದ ಶಿಖರಗಳಲ್ಲಿ ನಾಲ್ಕು ಒಂದೇ ಜಾಗದಿಂದ ಕಾಣುತ್ತವೆ. ಕಣ್ಣು ತುಂಬಿ ಬಂತು. ಅದನ್ನೆಲ್ಲ ನೋಡಿ ಒಳಗೆ ಬಂದು ಅರ್ಧ ಗಂಟೆಯಲ್ಲಿ ಇವನು ಮಾಡಿದ್ದು ಕೇಳಿ.

ಹೊರಡುವ ಮುಂಚೆ ಹಿಸಾಬು. ನಾಲ್ಕು ಬಕೆಟ್, ಆರುನೂರು ರೂಪಾಯಿ. ಇವನು ಫೋನ್ ತೆಗೆದು ಕ್ಯಾಲ್ಕುಲೇಟರ್ ಒತ್ತಿದ. "ದೀದಿ, ಇದು ನೇಪಾಳ ಅಲ್ವಾ? ಹಾಗಾದ್ರೆ ನೀವು ಹೇಳಿದ್ದು ನೇಪಾಳಿ ರೂಪಾಯಿ. ಆರುನೂರನ್ನು 1.6ರಿಂದ ಭಾಗಿಸಿದರೆ ಮುನ್ನೂರ ಎಪ್ಪತ್ತೈದು" ಅಂತ ಹಿಂದಿಯಲ್ಲಿ ಹೇಳಿ ಮುನ್ನೂರ ಎಪ್ಪತ್ತೈದು ಎಣಿಸಿ ಟೇಬಲ್ ಮೇಲಿಟ್ಟ.

ಇದು ಗೊತ್ತಿಲ್ಲದೆ ಮಾಡಿದ ತಪ್ಪಲ್ಲ. ಒಂದು ಭಾರತದ ರೂಪಾಯಿಗೆ 1.6 ನೇಪಾಳಿ ರೂಪಾಯಿ, 1993ರಿಂದ ಅದೇ ದರ. ಆದರೆ ಆ ದಾರಿಯುದ್ದಕ್ಕೂ ಲೆಕ್ಕ ನಡೆಯುವುದು ನಮ್ಮ ರೂಪಾಯಿಯಲ್ಲೇ. ಅವರು ಐಸಿ ಅನ್ನುತ್ತಾರೆ, ಇಂಡಿಯನ್ ಕರೆನ್ಸಿ. ತುಮ್ಲಿಂಗ್‌ನಲ್ಲಿ ಟೀಗೆ ಇವನು ಕೊಟ್ಟದ್ದು ಐಸಿ. ಕಾಲಿಪೋಖ್ರಿಯಲ್ಲಿ ವೈವೈ ನೂಡಲ್ಸ್ ತಿಂದು ಕೊಟ್ಟದ್ದೂ ಐಸಿ. ಮೂರು ದಿನ ಗೊತ್ತಿದ್ದದ್ದು ನಾಲ್ಕನೇ ದಿನ ಬೆಳಿಗ್ಗೆ ಹೇಗೆ ಮರೆತುಹೋಗುತ್ತದೆ?

ದೀದಿ, "ಐಸಿ ಹೋ ಭಾಯಿ, ಐಸಿ" ಅಂದರು. ನಮ್ಮ ಜೊತೆ ಬಂದಿದ್ದ ಮಾನೆಭಂಜಾಂಗ್‌ನ ಗೈಡ್ ಕೂಡ ಮೆಲ್ಲಗೆ, "ಸರ್, ಇಧರ್ ಸಬ್ ಐಸಿ ಚಲ್ತಾ ಹೈ" ಅಂದ. ಇವನು ನಗುತ್ತಾ ಬ್ಯಾಗ್ ಹೆಗಲಿಗೇರಿಸಿದ. ಉಳಿದ ಮೂವರೂ ನಕ್ಕರು. ಲೀಡರ್ ಹುಡುಗ, "ಬನ್ನಿ ಬನ್ನಿ, ಫಾಲುಟ್‌ಗೆ ಇಪ್ಪತ್ತೊಂದು ಕಿಲೋಮೀಟರ್ ಇದೆ, ಲೇಟಾಗುತ್ತೆ" ಅಂತ ಎಲ್ಲರನ್ನೂ ಎಬ್ಬಿಸಿಕೊಂಡು ಹೋದ. ದೀದಿ ನೋಟುಗಳನ್ನು ಮಡಚಿ ಸೊಂಟಕ್ಕೆ ಸಿಕ್ಕಿಸಿಕೊಂಡರು. ಜಗಳ ಆಡಲಿಲ್ಲ. ಮುಂದಿನ ಗುಂಪನ್ನು ಕಳಿಸುವುದು ಇದೇ ಕಂಪನಿ ತಾನೇ, ಹೇಗೆ ಆಡುತ್ತಾರೆ?

ನಾನು ಹಿಂದೆ ಉಳಿದು ಬಾಕಿ ಇನ್ನೂರ ಇಪ್ಪತ್ತೈದು ಕೊಡಲು ಹೋದೆ. ತೆಗೆದುಕೊಳ್ಳಲಿಲ್ಲ. "ತುಮ್ನೆ ತೋ ನಹಾಯಾ ಹೀ ನಹೀ" ಅಂದರು. ನೀನು ಸ್ನಾನವೇ ಮಾಡಲಿಲ್ಲವಲ್ಲ, ನಿನ್ನ ಹತ್ತಿರ ಯಾಕೆ ತಗೊಳ್ಳಲಿ ಅಂತ. ಇವರಿಗೆ ದುರಾಸೆ ಅಂತೆ ರೀ!

ಇನ್ನೂರ ಇಪ್ಪತ್ತೈದು ರೂಪಾಯಿ. ಬೆಂಗಳೂರಿನಲ್ಲಿ ಎರಡು ಕಾಫಿಗೆ ಕೇಳದೆ ಕೊಡುತ್ತೇವೆ. ಏರ್‌ಪೋರ್ಟಿನಲ್ಲಿ ನೀರಿನ ಬಾಟಲಿಗೆ ಅವರು ಹೇಳಿದಷ್ಟು ತೆತ್ತು ತೆಪ್ಪಗೆ ಬರುತ್ತೇವೆ. ಇವನು ಹಾಕಿದ್ದ ಜಾಕೆಟ್ಟಿಗೆ ಎಂಟು ಸಾವಿರ ಕೊಟ್ಟೆ ಅಂತ ಅವನೇ ಹೇಳಿದ್ದ. ಅಂಗಡಿಯಲ್ಲಿ ಹಾಕಿದ ಬೆಲೆ ನೋಡಿ ಸುಮ್ನೆ ಕಾರ್ಡ್ ಉಜ್ಜುವ ಜನ, ಎದುರಿಗೆ ಬಡ ಹೆಂಗಸು ನಿಂತರೆ ಮಾತ್ರ ಯಾಕೆ ಹೀಗಾಗುತ್ತಾರೆ? ಸಂತೆಯಲ್ಲಿ ಸೊಪ್ಪಿನ ಅಜ್ಜಿ ಹತ್ತಿರ ಐದು ರೂಪಾಯಿಗೆ ಎಳೆದಾಡುವ ಬುದ್ಧಿಯನ್ನೇ ಹಿಮಾಲಯಕ್ಕೂ ಹೊತ್ತುಕೊಂಡು ಹೋಗಬೇಕಾ?

ಕೆಲವರು ಹೇಳಬಹುದು, ನೂರೈವತ್ತು ಜಾಸ್ತಿಯೇ ಆಯಿತು ಅಂತ. ಜಾಸ್ತಿ ಅನ್ನಿಸಿದರೆ ಸ್ನಾನ ಬಿಡಿ. ಎರಡು ದಿನ ಸ್ನಾನ ಮಾಡದಿದ್ದರೆ ಆ ಚಳಿಯಲ್ಲಿ ಏನೂ ಆಗಲ್ಲ. ಫಾಲುಟ್‌ನಲ್ಲಿ ಊರೇ ಇಲ್ಲ, ಒಂದು ಟ್ರೆಕರ್ಸ್ ಹಟ್ ಅಷ್ಟೇ, ಅಲ್ಲಿ ಯಾರೂ ಬಿಸಿನೀರು ಕೇಳಲಿಲ್ಲ. ಗೊರ್ಖೆಗೆ ಇಳಿದ ಮೇಲೆ ಮನೆ ಪಕ್ಕದಲ್ಲೇ ಹೊಳೆ ಹರಿಯುತ್ತದೆ, ನೀರಿನ ಮಾತೇ ಬರಲಿಲ್ಲ. ನೀರು ಇಲ್ಲದ ಕಡೆ, ಹೊತ್ತು ತಂದು ಕೊಡುವ ಕಡೆ ಮಾತ್ರ ಇವರಿಗೆ ಹಕ್ಕು ನೆನಪಾಯಿತು.

ನಿನ್ನೆ ಗುಂಪಿನಲ್ಲಿ ನಾನು ಇಷ್ಟನ್ನೂ ಬರೆದೆ. "ಅಯ್ಯೋ ಬಿಡಿ ಮೇಡಂ, ಹಳೇದು" ಅಂತ ಒಬ್ಬರು. "ಟ್ರಿಪ್ ಎಷ್ಟು ಚೆನ್ನಾಗಿತ್ತು, ನೆಗೆಟಿವ್ ಬೇಡ" ಅಂತ ಇನ್ನೊಬ್ಬರು. ನೆಗೆಟಿವ್ ಬರೆದದ್ದು ನಾನಾ? ಅವನು ಉತ್ತರವನ್ನೇ ಕೊಡಲಿಲ್ಲ. ಕಂಪನಿಯವರು ಮಾತ್ರ ಬೇಗ ಉತ್ತರ ಕೊಟ್ಟಿದ್ದಾರೆ, ನನಗಲ್ಲ, ಅವನ ರಿವ್ಯೂಗೆ. ನಿಮಗಾದ ತೊಂದರೆಗೆ ಕ್ಷಮಿಸಿ, ಮುಂದಿನ ಸೀಸನ್‌ನಿಂದ ಬೇರೆ ಲಾಡ್ಜ್ ನೋಡುತ್ತೇವೆ ಅಂತ. ಒಂದೇ ಒಂದು ಸಲ ಆ ಹೆಂಗಸನ್ನು ಏನಾಯಿತು ಅಂತ ಕೇಳಿದರಾ? ತಮ್ಮ ಪಟ್ಟಿಯಲ್ಲಿದ್ದ ಆ "ಲಭ್ಯ" ಅನ್ನುವ ಪದವನ್ನು ತೆಗೆದಿದ್ದಾರಾ ಅಂತ ಈಗಷ್ಟೇ ನೋಡಿದೆ. ಇಲ್ಲ, ಹಾಗೇ ಇದೆ.

ಕಂಪನಿಗೆ ಮೇಲ್ ಹಾಕಿದ್ದೇನೆ. ಲಾಡ್ಜಿನ ಪುಟದಲ್ಲಿ ನಾನೂ ಬರೆದಿದ್ದೇನೆ, ಆಲೂ ದಮ್, ಛುರ್ಪಿ, ನೀರು ಹೊತ್ತ ಹುಡುಗ, ಆರುನೂರು ರೂಪಾಯಿ ಲೆಕ್ಕ, ಎಲ್ಲ. ಆದರೆ ಅವನದು ನನ್ನದಕ್ಕಿಂತ ಮೇಲೆ ಕಾಣಿಸುತ್ತಿದೆ. ದೀದಿಯ ಮಗಳು ಚಳಿಗಾಲದ ರಜೆಗೆ ಮನೆಗೆ ಬಂದಿರುವ ಹೊತ್ತು ಇದು.