ಟೈಟಲ್ ಕತ್ತರಿಸಬೇಡಿ

ನಿನ್ನೆ ರಾತ್ರಿಯಿಂದ ಸಿಟ್ಟು ಇಳಿದಿಲ್ಲ. ಇಲ್ಲಿ ಬರೆಯದೆ ಸಮಾಧಾನ ಆಗಲ್ಲ.

ವಿಜಯಪುರಕ್ಕೆ ತಮ್ಮನ ಮನೆಗೆ ಬಂದಿದ್ದೇನೆ. ಟಿವಿಯಲ್ಲಿ 'ಬಂಗಾರದ ಮನುಷ್ಯ' ಇದೆ ಅಂತ ಬೇಗ ರೊಟ್ಟಿ ತಟ್ಟಿ ಮುಗಿಸಿ ಎಲ್ಲರೂ ಕೂತೆವು. ಸಿನಿಮಾದ ಹೆಸರು ಬಂತು. ಆಮೇಲೆ ಚಕ್ಕನೆ ಕಥೆಗೆ ಹಾರಿಬಿಟ್ಟರು. ಟೈಟಲ್‌ನಲ್ಲಿ ಬರುವ ಕಲಾವಿದರ ಹೆಸರು ಒಂದೂ ಇಲ್ಲ. ಆ ಹೊತ್ತನ್ನೂ ಜಾಹೀರಾತಿಗೆ ಕೊಟ್ಟಿದ್ದಾರೆ.

ರಾಚೂಟಪ್ಪ ಬಂದಾಗ ತಮ್ಮನ ಮಗಳು ಕೇಳಿದಳು, "ಅತ್ತಿ, ಈ ಅಜ್ಜಾರು ಯಾರ್ರೀ? ಭಾಳ ಚಂದ ಮಾಡ್ಯಾರ." ರಾಜ್‌ಕುಮಾರ್ ಅವಳಿಗೆ ಗೊತ್ತು. ರಾಚೂಟಪ್ಪನ ಪಾತ್ರ ಮಾಡಿದ ಬಾಲಕೃಷ್ಣ ಗೊತ್ತಿಲ್ಲ. ತಪ್ಪು ಅವಳದಲ್ಲ.

ನಾನೇ ಹೇಳುತ್ತಾ ಹೋದೆ. 1911ರಲ್ಲಿ ಅರಸೀಕೆರೆಯಲ್ಲಿ ಹುಟ್ಟಿದವರು. 1943ರ 'ರಾಧಾರಮಣ'ದಿಂದ ಶುರು ಮಾಡಿ, 1995ರಲ್ಲಿ ತೀರಿಕೊಳ್ಳುವ ಹೊತ್ತಿಗೆ 500ಕ್ಕೂ ಜಾಸ್ತಿ ಸಿನಿಮಾ. ಖಳನೂ ಅವರೇ, ನಗಿಸುವವರೂ ಅವರೇ, ಕಣ್ಣೀರು ತರಿಸುವವರೂ ಅವರೇ. ಎಲ್ಲರ ಬಾಯಲ್ಲಿ ಬಾಲಣ್ಣ. ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ. ಎದುರಿನವರ ತುಟಿ ನೋಡಿಕೊಂಡೇ ತಮ್ಮ ಮಾತು ಶುರು ಮಾಡುತ್ತಿದ್ದರು. ಇದನ್ನು ಕೇಳಿ ಹುಡುಗಿ ಟಿವಿಯ ಹತ್ತಿರಕ್ಕೆ ಸರಿದು ಕೂತಳು. ಆಮೇಲೆ ಅವಳು ನೋಡಿದ್ದು ಬಾಲಣ್ಣನ ಕಣ್ಣನ್ನೇ.

ಇನ್ನೊಂದು ಮಾತೂ ಹೇಳಿದೆ. ಕಲಾವಿದರಿಗೆ ಕೆಲಸ ಇಲ್ಲದ ಕಾಲದಲ್ಲಿ ರಾಜ್‌ಕುಮಾರ್, ಜಿ.ವಿ. ಅಯ್ಯರ್, ನರಸಿಂಹರಾಜು ಜೊತೆ ಸೇರಿ 1960ರಲ್ಲಿ 'ರಣಧೀರ ಕಂಠೀರವ' ಮಾಡಿದ ನಾಲ್ವರಲ್ಲಿ ಇವರೂ ಒಬ್ಬರು. ಬೆಂಗಳೂರಿನಲ್ಲಿ ಅಭಿಮಾನ್ ಸ್ಟುಡಿಯೋ ಕಟ್ಟಿದವರೂ ಇವರೇ. ಇಂಥವರ ಹೆಸರಿಗೆ ನಾಲ್ಕು ಸೆಕೆಂಡು ಇಲ್ವಾ?

ಹೀರೋ ಹೆಸರು ಸರ್ಕಲ್‌ನಲ್ಲಿ ಇರುತ್ತೆ, ಆಟೋ ಹಿಂದೆ ಇರುತ್ತೆ. ಪೋಷಕ ನಟರ ಹೆಸರು ಇರೋದೇ ಟೈಟಲ್‌ನಲ್ಲಿ. ಅದನ್ನೂ ಕತ್ತರಿಸಿದರೆ ಅವರು ಎಲ್ಲಿ ಉಳೀಬೇಕು?

"ಮೊಬೈಲ್‌ನಲ್ಲಿ ಹುಡುಕಿದ್ರೆ ಸಿಗುತ್ತಲ್ಲಕ್ಕಾ" ಅಂದ ತಮ್ಮ. ಸಿಗುತ್ತೆ. ಆದರೆ ಹುಡುಕೋರು ಎಷ್ಟು ಮಂದಿ? ಟೈಟಲ್‌ನಲ್ಲಿ ಹೆಸರು ತಾನಾಗಿ ಕಣ್ಣಿಗೆ ಬೀಳುತ್ತೆ. ಹುಡುಕೋ ಮನಸ್ಸಿಲ್ಲದವರಿಗೂ ಸಿಗುತ್ತೆ.

ನನ್ನ ಸಿಟ್ಟಿಗೆ ಬೇರೆ ಕಾರಣವೂ ಇದೆ. ಮುಧೋಳದ ಹತ್ತಿರ ನಮ್ಮೂರಿಗೆ ಟೆಂಟ್ ಟಾಕೀಸ್ ಬರುತ್ತಿತ್ತು. ಅವ್ವನಿಗೆ ಓದಲು ಬರುತ್ತಿರಲಿಲ್ಲ. ಟೈಟಲ್ ಶುರುವಾದ ಕೂಡಲೇ ಅಪ್ಪ ಓದಿ ಹೇಳುತ್ತಿದ್ದ. ಅಶ್ವಥ್, ಪಂಢರಿಬಾಯಿ, ನರಸಿಂಹರಾಜು, ಬಾಲಕೃಷ್ಣ. ಅವ್ವ ಒಂದೊಂದನ್ನೂ ಮೆಲ್ಲಗೆ ತಿರುಗಿ ಹೇಳಿಕೊಳ್ಳುತ್ತಿದ್ದಳು, ಬೀಗರ ಹೆಸರು ನೆನಪಿಟ್ಟುಕೊಳ್ಳುವ ಹಾಗೆ. ಒಂದು ಸಲ ಹಿಂದೆ ಕೂತವರು ಬೈದರು ಅಂತ ನಾನು "ಸುಮ್ನಿರಪ್ಪಾ" ಅಂದುಬಿಟ್ಟೆ. ಅಪ್ಪ ಸುಮ್ಮನಾದ. ಮನೆಗೆ ನಡೆದು ಬರುವಾಗ ಅವ್ವ ಕೇಳಿದಳು, "ಆ ಶಾನಭೋಗನ ಪಾತ್ರ ಮಾಡಿದಾಂವ ಯಾರು?" ನಾನೂ ನೋಡಿರಲಿಲ್ಲ. ಆ ನಟ ಯಾರು ಅಂತ ನಮ್ಮ ಮನೆಯಲ್ಲಿ ಇವತ್ತಿಗೂ ಗೊತ್ತಿಲ್ಲ. ಅವ್ವ ತೀರಿಹೋದಳು.

ಆ ಚಾನೆಲ್‌ನವರಿಗೆ ಇವತ್ತು ಬೆಳಿಗ್ಗೆ ಪತ್ರ ಬರೆದಿದ್ದೇನೆ. ನೀವೂ ಬರೆಯಿರಿ. ಟೈಟಲ್ ಪೂರ್ತಿ ಬಿಡಿ, ಹೆಸರುಗಳನ್ನು ಓದುವಷ್ಟು ಹೊತ್ತು ಕೊಡಿ. ನಾನು ಕೇಳಿರೋದು ಇಷ್ಟೇ.